ನೆರಿಗೆ ಹಿಡಿದರೆ ಸಾಲದು, ಪಿನ್ನೂ ಬೇಕು

ಪ್ರಶ್ನೆ: ಬೆಂಗಳೂರಿನಲ್ಲಿ ನಡೆಯುವ ಒಂದು ಕಾದಂಬರಿ ಬರೆಯುತ್ತಿದ್ದೇನೆ. ನಾಯಕಿ ಭೌತವಿಜ್ಞಾನಿ. ಅವಳು ‘ನೆರಿಗೆ ಸಿದ್ಧಾಂತ’ ಅಂತ ಒಂದನ್ನು ಕಟ್ಟುತ್ತಾಳೆ. ಅದರ ಪ್ರಕಾರ ಕಾಲ ನೇರ ಗೆರೆಯಲ್ಲ, ನೆರಿಗೆ ಹಿಡಿದ ಸೀರೆ. ದೂರದ ಎರಡು ದಿನಗಳು ನೆರಿಗೆಯಲ್ಲಿ ಒಂದಕ್ಕೊಂದು ತಾಗುತ್ತವೆ. ಸಂಕ್ರಾಂತಿಯ ಸಂಜೆ ಗವಿ ಗಂಗಾಧರೇಶ್ವರ ಗುಡಿಯಲ್ಲಿ ಅವಳು 1958ಕ್ಕೆ ಜಾರುತ್ತಾಳೆ. ತಾತ ಬಸವನಗುಡಿಯ ಮನೆ ಮಾರದಂತೆ ತಡೆಯುತ್ತಾಳೆ. ತಾತನ ಗುರುತು ಸಿಗುವುದು ಅವರ ಕೈಯಲ್ಲಿರುವ ಎಚ್‌ಎಂಟಿ ವಾಚಿನಿಂದ. ಇದರಲ್ಲಿ ವಿಜ್ಞಾನ ಒಪ್ಪುವುದು ಎಷ್ಟು, ನಗುವುದು ಎಷ್ಟು? — ಓದುಗರೊಬ್ಬರು, ವಿಜಯನಗರ

ಉತ್ತರ: ವಾಚಿನಿಂದಲೇ ಶುರು ಮಾಡುತ್ತೇನೆ. ಬೆಂಗಳೂರಿನ ಹಳಬರು ಮೊದಲು ಹಿಡಿಯುವ ತಪ್ಪು ಅದೇ. ಎಚ್‌ಎಂಟಿಯವರು ಜಾಲಹಳ್ಳಿಯಲ್ಲಿ ಮೊದಲು ಮಾಡುತ್ತಿದ್ದದ್ದು ಕಾರ್ಖಾನೆಗೆ ಬೇಕಾದ ಯಂತ್ರಗಳನ್ನು. ಜಪಾನಿನ ಸಿಟಿಜನ್ ಕಂಪನಿಯ ಜೊತೆ ಸೇರಿ ವಾಚ್ ಕಾರ್ಖಾನೆ ಶುರು ಮಾಡಿದ್ದು 1961ರಲ್ಲಿ. ಅಂದರೆ 1958ರಲ್ಲಿ ತಾತನ ಕೈಗೆ ಆ ವಾಚ್ ಬರುವ ಹಾಗೇ ಇಲ್ಲ. ಆದರೆ ದಯವಿಟ್ಟು ಅದನ್ನು ತಿದ್ದಬೇಡಿ. ನಿಮ್ಮ ಕಥೆಯಲ್ಲಿ ನನಗೆ ತುಂಬಾ ಹಿಡಿಸಿದ್ದು ಆ ತಪ್ಪೇ. ಯಾಕೆ ಅಂತ ಆಮೇಲೆ ಹೇಳುತ್ತೇನೆ.

ಈಗ ಸಿದ್ಧಾಂತಕ್ಕೆ ಬರೋಣ. ನಾನು ಕಾಲೇಜಿನಲ್ಲಿ ಭೌತಶಾಸ್ತ್ರ ಹೇಳಿಕೊಟ್ಟವನು. ‘ಸರ್, ಟೈಮ್ ನಾನ್-ಲೀನಿಯರ್ ಅಲ್ವಾ?’ ಅಂತ ಪ್ರತಿ ವರ್ಷ ಯಾರಾದರೂ ಕೇಳುತ್ತಿದ್ದರು. ಈ ಒಂದು ಪದದಲ್ಲಿ ಎರಡು ಅರ್ಥ ಬೆರೆತುಹೋಗಿವೆ. ಕಥೆಗಾರರ ಪಾಲಿಗೆ ನಾನ್-ಲೀನಿಯರ್ ಅಂದರೆ ಹಿಂದಿನದು ಮುಂದೆ, ಮುಂದಿನದು ಹಿಂದೆ. ಭೌತವಿಜ್ಞಾನಿಗೆ ಅದು ಲೆಕ್ಕದ ಮಾತು. ಸಿಲ್ಕ್ ಬೋರ್ಡ್ ಸಿಗ್ನಲ್ ನೋಡಿ. ಗಾಡಿಗಳು ಹತ್ತರಲ್ಲಿ ಒಂದು ಪಾಲು ಜಾಸ್ತಿಯಾದರೆ ಕಾಯುವ ಹೊತ್ತೂ ಹತ್ತರಲ್ಲಿ ಒಂದು ಪಾಲು ಮಾತ್ರ ಜಾಸ್ತಿಯಾಗುತ್ತದಾ? ಇಲ್ಲ, ಎಲ್ಲವೂ ಕಚ್ಚಿಕೊಂಡು ನಿಲ್ಲುತ್ತದೆ. ಕಾರಣಕ್ಕೆ ತಕ್ಕಷ್ಟೇ ಪರಿಣಾಮ ಬರುವುದಿಲ್ಲ. ಐನ್‌ಸ್ಟೈನ್ 1915ರಲ್ಲಿ ಕೊಟ್ಟ ಗುರುತ್ವದ ಸಮೀಕರಣಗಳು ಈ ಎರಡನೇ ಅರ್ಥದಲ್ಲಿ ನಾನ್-ಲೀನಿಯರ್. ಅಲ್ಲಿ ಗುರುತ್ವವೇ ಇನ್ನಷ್ಟು ಗುರುತ್ವ ಹುಟ್ಟಿಸುತ್ತದೆ. ಹಾಗಾಗಿ ನಿಮ್ಮ ನಾಯಕಿ ಸೆಮಿನಾರಿನಲ್ಲಿ ಎದ್ದು ನಿಂತು ‘ಕಾಲ ನಾನ್-ಲೀನಿಯರ್’ ಅಂದರೆ ಮುಂದಿನ ಸಾಲಿನವರು ‘ಯಾವ ಅರ್ಥದಲ್ಲಿ?’ ಅಂತ ಕೇಳುತ್ತಾರೆ. ಅವಳು ‘ನೆರಿಗೆ’ ಅಂತಲೇ ಹೇಳಲಿ. ಪದ ಚೆನ್ನಾಗಿದೆ.

ಕಾಲ ಎಲ್ಲರಿಗೂ ಒಂದೇ ಸಮನೆ ಹರಿಯುವುದಿಲ್ಲ ಅನ್ನುವುದು ಮಾತ್ರ ಕಥೆಯಲ್ಲ, ಅಳೆದು ನೋಡಿರುವ ಸಂಗತಿ. ಎತ್ತರಕ್ಕೆ ಹೋದಷ್ಟೂ ಗಡಿಯಾರ ಬೇಗ ಓಡುತ್ತದೆ. ನಂದಿಬೆಟ್ಟದ ತುದಿ ಸಮುದ್ರ ಮಟ್ಟದಿಂದ 1,478 ಮೀಟರ್ ಮೇಲಿದೆ, ಬೆಂಗಳೂರು ಸುಮಾರು 920 ಮೀಟರ್. ಈ ಅಂತರವನ್ನು ಗುರುತ್ವದ ವೇಗವರ್ಧನೆಯಿಂದ ಗುಣಿಸಿ, ಬೆಳಕಿನ ವೇಗದ ವರ್ಗದಿಂದ ಭಾಗಿಸಿ. ಪಿಯುಸಿ ಮಕ್ಕಳೂ ಮಾಡುವ ಲೆಕ್ಕ. ನಂದಿಯ ಮೇಲಿಟ್ಟ ಗಡಿಯಾರ ನಮ್ಮ ಊರಿನ ಗಡಿಯಾರಕ್ಕಿಂತ ದಿನಕ್ಕೆ ಸುಮಾರು 5 ನ್ಯಾನೋಸೆಕೆಂಡ್ ಮುಂದೆ ಹೋಗುತ್ತದೆ. ಒಂದು ನ್ಯಾನೋಸೆಕೆಂಡ್ ಅಂದರೆ ಸೆಕೆಂಡಿನ ನೂರು ಕೋಟಿಯ ಒಂದು ಪಾಲು. ಇದೇ ಲೆಕ್ಕದಲ್ಲಿ ಬೆಂಗಳೂರಿನವರು ಮಂಗಳೂರಿನ ಕಡಲತೀರದವರಿಗಿಂತ ವರ್ಷಕ್ಕೆ 3 ಮೈಕ್ರೋಸೆಕೆಂಡ್‌ನಷ್ಟು ಬೇಗ ಮುದುಕರಾಗುತ್ತಾರೆ. ಒಂದು ಮೈಕ್ರೋಸೆಕೆಂಡ್ ಅಂದರೆ ಸಾವಿರ ನ್ಯಾನೋಸೆಕೆಂಡ್. ನಮ್ಮ ನರೆಗೂದಲಿಗೆ ಟ್ರಾಫಿಕ್ಕೇ ಕಾರಣ ಅಂದುಕೊಂಡಿದ್ದೆ, ಐನ್‌ಸ್ಟೈನ್‌ದೂ ಒಂದು ಚಿಟಿಕೆ ಪಾಲಿದೆ.

ಕಾಗದದ ಲೆಕ್ಕ ಅಂತ ತಳ್ಳಿಹಾಕಬೇಡಿ. 1971ರಲ್ಲಿ ಹಫೀಲೆ ಮತ್ತು ಕೀಟಿಂಗ್ ಅನ್ನುವ ಇಬ್ಬರು ನಾಲ್ಕು ಸೀಸಿಯಂ ಪರಮಾಣು ಗಡಿಯಾರಗಳನ್ನು ಸಾಮಾನ್ಯ ಪ್ರಯಾಣಿಕರ ವಿಮಾನಗಳಲ್ಲಿ ಇಟ್ಟುಕೊಂಡು ಭೂಮಿ ಸುತ್ತಿ ಬಂದರು. ಒಮ್ಮೆ ಪೂರ್ವಕ್ಕೆ, ಒಮ್ಮೆ ಪಶ್ಚಿಮಕ್ಕೆ. ನೆಲದ ಗಡಿಯಾರಕ್ಕೆ ಹೋಲಿಸಿದರೆ ಪೂರ್ವಕ್ಕೆ ಹೋದವು 59 ನ್ಯಾನೋಸೆಕೆಂಡ್ ಹಿಂದೆ ಬಿದ್ದಿದ್ದವು. ಪಶ್ಚಿಮಕ್ಕೆ ಹೋದವು 273 ನ್ಯಾನೋಸೆಕೆಂಡ್ ಮುಂದೆ ಹೋಗಿದ್ದವು. ನಿಮ್ಮ ಫೋನಿನ ಜಿಪಿಎಸ್ ಕೂಡ ಈ ವ್ಯತ್ಯಾಸವನ್ನು ಸರಿಮಾಡಿಕೊಂಡೇ ದಾರಿ ತೋರಿಸುವುದು. ಆ ಉಪಗ್ರಹಗಳ ಗಡಿಯಾರಗಳು ದಿನಕ್ಕೆ 38 ಮೈಕ್ರೋಸೆಕೆಂಡ್ ಮುಂದೆ ಓಡುತ್ತವೆ. ಅಷ್ಟು ಹೊತ್ತಿನಲ್ಲಿ ಬೆಳಕು 11 ಕಿಲೋಮೀಟರ್ ಹೋಗಿಬಿಡುತ್ತದೆ.

ಸರಿ, ಕಾಲ ಹಿಗ್ಗುತ್ತದೆ, ಕುಗ್ಗುತ್ತದೆ. ಆದರೆ ನಿಮಗೆ ಬೇಕಾಗಿರುವುದು ಅದಕ್ಕಿಂತ ಜಾಸ್ತಿ. 1958 ಈಗಲೂ ಎಲ್ಲೋ ಇರಬೇಕು, ಅಲ್ವಾ? ಹೋಗಿ ತಲುಪುವ ಹಾಗೆ ಇರಬೇಕು. ಇದಕ್ಕೂ ಭೌತಶಾಸ್ತ್ರದಲ್ಲಿ ಗಟ್ಟಿಯಾದ ನೆಲವಿದೆ.

ಲಾಲ್‌ಬಾಗಿಗೆ ಬನ್ನಿ. ಬೆಳಗ್ಗೆ ಇಬ್ಬರು ವಾಕಿಂಗ್ ಮಾಡುತ್ತಿದ್ದಾರೆ. ಒಬ್ಬರು ಆಂಡ್ರೊಮಿಡಾ ಗೆಲಾಕ್ಸಿ ಇರುವ ದಿಕ್ಕಿಗೆ, ಇನ್ನೊಬ್ಬರು ಅದಕ್ಕೆ ಬೆನ್ನು ಹಾಕಿ. ಇಬ್ಬರದೂ ಗಂಟೆಗೆ 4 ಕಿಲೋಮೀಟರ್ ನಡಿಗೆ. ಒಬ್ಬರನ್ನೊಬ್ಬರು ದಾಟುವ ಕ್ಷಣದಲ್ಲಿ ‘ಈಗ ಆಂಡ್ರೊಮಿಡಾದಲ್ಲಿ ಏನಾಗುತ್ತಿದೆ?’ ಅಂತ ಇಬ್ಬರನ್ನೂ ಕೇಳಿ. ಐನ್‌ಸ್ಟೈನ್ 1905ರಲ್ಲಿ ಕೊಟ್ಟ ನಿಯಮದ ಪ್ರಕಾರ ಅವರಿಬ್ಬರ ‘ಈಗ’ ಬೇರೆ ಬೇರೆ. ಆಂಡ್ರೊಮಿಡಾ ಸುಮಾರು 25 ಲಕ್ಷ ಜ್ಯೋತಿರ್ವರ್ಷ ದೂರದಲ್ಲಿದೆ. ಅಷ್ಟು ದೂರದಲ್ಲಿ ಇಬ್ಬರ ‘ಈಗ’ಗಳ ನಡುವೆ ಹತ್ತಿರ ಹತ್ತಿರ ಒಂದು ವಾರ ಅಂತರ ಬೀಳುತ್ತದೆ. ಒಬ್ಬರ ಪಾಲಿಗೆ ಆಗಿಹೋದದ್ದು ಇನ್ನೊಬ್ಬರ ಪಾಲಿಗೆ ಇನ್ನೂ ಆಗಬೇಕು. ಇಡೀ ವಿಶ್ವಕ್ಕೆ ಹೊಂದುವ ಒಂದೇ ‘ಈಗ’ ಅನ್ನುವುದು ಇಲ್ಲ. ಹಾಗಿದ್ದ ಮೇಲೆ ‘ಈಗ ಇರುವುದು ಮಾತ್ರ ಇದೆ, ಉಳಿದದ್ದು ಇಲ್ಲ’ ಅಂತ ಹೇಳುವುದು ಕಷ್ಟ. 1908ರಲ್ಲಿ ಮಿಂಕೋವ್ಸ್ಕಿ ಜಾಗ ಮತ್ತು ಕಾಲ ಎರಡನ್ನೂ ಸೇರಿಸಿ ಒಂದೇ ಬಟ್ಟೆ ಮಾಡಿದ. ಆ ಬಟ್ಟೆಯಲ್ಲಿ 1958ಕ್ಕೂ ಜಾಗವಿದೆ, ಮುಂದಿನ ಯುಗಾದಿಗೂ ಜಾಗವಿದೆ. ಎಲ್ಲ ಭೌತವಿಜ್ಞಾನಿಗಳೂ ಇದನ್ನು ಒಪ್ಪುವುದಿಲ್ಲ, ಜಗಳ ಇನ್ನೂ ನಡೆದಿದೆ. ಆದರೆ ನಿಮ್ಮ ನಾಯಕಿ ಒಪ್ಪಬಹುದು. ಯಾರೂ ನಗುವುದಿಲ್ಲ.

ಕನ್ನಡದವಳಾದರೆ ಅವಳಿಗೆ ಒಪ್ಪುವುದು ಇನ್ನೂ ಸುಲಭ. ಅಡುಗೆಮನೆಯಿಂದ ಅಮ್ಮ ಕೂಗುತ್ತಾಳೆ, ನಾವು ಹಾಸಿಗೆಯಿಂದ ಏಳದೆಯೇ ‘ಬಂದೆ, ಬಂದೆ’ ಅನ್ನುತ್ತೇವೆ. ಇನ್ನೂ ಬಂದಿಲ್ಲ, ಆದರೆ ವ್ಯಾಕರಣದಲ್ಲಿ ಬಂದಾಗಿದೆ. ಹೆಬ್ಬಾಳದ ಫ್ಲೈಓವರ್ ಮೇಲೆ ನಿಂತಿರುವ ಗೆಳೆಯ ಫೋನಿನಲ್ಲಿ ‘ಬಂದುಬಿಟ್ಟೆ ಕಣೋ’ ಅಂದರೆ ಅದು ಸುಳ್ಳೂ ಅಲ್ಲ, ನಿಜವೂ ಅಲ್ಲ. ಇದು ಭೌತಶಾಸ್ತ್ರವಲ್ಲ ಬಿಡಿ. ಆದರೆ ಅವಳ ಸಿದ್ಧಾಂತ ಹುಟ್ಟಿದ್ದು ಇಂಥ ಮಾತಿನಿಂದ ಅಂತ ನೀವು ಬರೆದರೆ ನಾನು ನಂಬುತ್ತೇನೆ.

ಈಗ ನಿಜವಾದ ತೊಂದರೆಗೆ ಬರುತ್ತೇನೆ. ನೆರಿಗೆ.

ಐದೂವರೆ ಮೀಟರ್ ಸೀರೆ ತೆಗೆದುಕೊಳ್ಳಿ. ಒಂದು ತುದಿಯಲ್ಲಿ ಇರುವೆ ಬಿಡಿ. ಇನ್ನೊಂದು ತುದಿಗೆ ಹೋಗಲು ಅದು ಐದೂವರೆ ಮೀಟರ್ ನಡೆಯಬೇಕು. ಈಗ ಸೀರೆಗೆ ನೆರಿಗೆ ಹಿಡಿಯಿರಿ. ನಿಮ್ಮ ಕಣ್ಣಿಗೆ ಬಟ್ಟೆಯ ದೂರದ ಭಾಗಗಳು ಪಕ್ಕಪಕ್ಕಕ್ಕೆ ಬಂದವು. ಇರುವೆಗೆ? ಅದು ಬಟ್ಟೆಯನ್ನು ಬಿಟ್ಟು ಹೋಗುವ ಹಾಗಿಲ್ಲ. ಒಂದೊಂದು ನೆರಿಗೆಯನ್ನೂ ಹತ್ತಿ ಇಳಿದು, ಅದೇ ಐದೂವರೆ ಮೀಟರ್ ನಡೆಯಬೇಕು. ಅದಕ್ಕೆ ನೆರಿಗೆ ಹಿಡಿದದ್ದೇ ಗೊತ್ತಾಗುವುದಿಲ್ಲ. ನೆರಿಗೆ ಕಾಣುವುದು ಬಟ್ಟೆಯ ಹೊರಗೆ ನಿಂತು ನೋಡುವವರಿಗೆ ಮಾತ್ರ. ಗಾಸ್ ಈ ವಿಷಯವನ್ನು 1827ರಲ್ಲೇ ಗಣಿತದಲ್ಲಿ ತೋರಿಸಿದ್ದ. ಬಟ್ಟೆ ಹಿಗ್ಗದೆ ಕುಗ್ಗದೆ ಬಾಗಿದರೆ ಅದರ ಮೇಲಿನ ದೂರಗಳು ಬದಲಾಗುವುದಿಲ್ಲ, ಒಳಗಿನ ಅಳತೆಯೂ ಬದಲಾಗುವುದಿಲ್ಲ.

ಗುರುತ್ವ ಮಾಡುವುದು ಬೇರೆ ಕೆಲಸ. ಅದು ಸೀರೆಯ ನೆರಿಗೆ ಅಲ್ಲ, ರವಿಕೆಗೆ ಟೈಲರ್ ಹಾಕುವ ಡಾಟ್. ಡಾಟ್ ಹಾಕಿದ ಬಟ್ಟೆಯನ್ನು ಮೇಜಿನ ಮೇಲೆ ಚಪ್ಪಟೆಯಾಗಿ ಹರಡಲು ಆಗುವುದಿಲ್ಲ. ಇರುವೆಯೂ ಅಳತೆಪಟ್ಟಿ ಹಿಡಿದು ಅದನ್ನು ಕಂಡುಹಿಡಿಯಬಹುದು. ನಂದಿಬೆಟ್ಟದ 5 ನ್ಯಾನೋಸೆಕೆಂಡ್ ಇಂಥ ಡಾಟಿನ ಗುರುತು.

ಹಾಗಾದರೆ ನೆರಿಗೆ ಬಿಡಬೇಕಾ? ಬೇಡ. ಸೀರೆ ಉಡುವವರು ನೆರಿಗೆ ಹಿಡಿದು ಸುಮ್ಮನಾಗುವುದಿಲ್ಲವಲ್ಲ. ಪಿನ್ನು ಹಾಕುತ್ತಾರೆ. ಪಿನ್ನು ಒಂದು ಮಡಿಕೆಯಿಂದ ಇನ್ನೊಂದು ಮಡಿಕೆಗೆ ನೇರವಾಗಿ ತೂರುತ್ತದೆ. ಇರುವೆ ಆ ಪಿನ್ನಿನ ಮೇಲೆ ನಡೆದರೆ ಎರಡೇ ಹೆಜ್ಜೆ. ನಿಮ್ಮ ಸಿದ್ಧಾಂತಕ್ಕೆ ಬೇಕಾದದ್ದು ಅದು. ನೆರಿಗೆ ಪುಕ್ಕಟೆ, ಬೆಲೆ ಇರುವುದು ಪಿನ್ನಿಗೆ.

ಭೌತಶಾಸ್ತ್ರದಲ್ಲಿ ಇಂಥ ಪಿನ್ನಿಗೆ ವರ್ಮ್‌ಹೋಲ್ ಅಂತ ಹೆಸರು. 1935ರಲ್ಲಿ ಐನ್‌ಸ್ಟೈನ್ ಮತ್ತು ರೋಸೆನ್ ಸಮೀಕರಣಗಳಲ್ಲಿ ಇಂಥದ್ದೊಂದು ಸೇತುವೆ ಕಂಡರು. ಆದರೆ ಅದನ್ನು ದಾಟಲು ಆಗುತ್ತದಾ? ಇಲ್ಲಿ ನಮ್ಮೂರಿನವರೇ ಆದ ಸಿ.ವಿ. ವಿಶ್ವೇಶ್ವರ ನೆನಪಾಗುತ್ತಾರೆ. ನೆಹರೂ ತಾರಾಲಯವನ್ನು ಕಟ್ಟಿ ಬೆಳೆಸಿದವರು ಅಂತ ಹೆಚ್ಚಿನವರಿಗೆ ಗೊತ್ತು. ಅದಕ್ಕೂ ಮೊದಲು ಅವರು ಕೇಳಿದ್ದು ಒಂದು ಸರಳ ಪ್ರಶ್ನೆ: ಬೆಳಕನ್ನೂ ಹೊರಬಿಡದ ಕಪ್ಪುಕುಳಿಯನ್ನು (ಬ್ಲ್ಯಾಕ್ ಹೋಲ್) ಸ್ವಲ್ಪ ತಟ್ಟಿದರೆ ಅದು ತಡೆದುಕೊಳ್ಳುತ್ತದಾ, ಒಡೆದುಹೋಗುತ್ತದಾ? ತಡೆದುಕೊಳ್ಳುತ್ತದೆ ಅಂತ ಲೆಕ್ಕ ಹಾಕಿ ತೋರಿಸಿದರು. ತಟ್ಟಿದಾಗ ಅದು ಗಂಟೆಯ ಹಾಗೆ ಮಿಡಿದು ಮೆಲ್ಲಗೆ ಅಡಗುತ್ತದೆ ಅಂತ 1970ರಲ್ಲಿ ಬರೆದರು. 2015ರ ಸೆಪ್ಟೆಂಬರಿನಲ್ಲಿ ಗುರುತ್ವದ ಅಲೆ ಮೊದಲ ಸಲ ಸಿಕ್ಕಿದಾಗ ಅದರ ಬಾಲದಲ್ಲಿ ಕೇಳಿದ್ದು ಆ ಬಗೆಯ ಮಿಡಿತವೇ.

ಅದೇ ಪ್ರಶ್ನೆಯನ್ನು ನಿಮ್ಮ ಪಿನ್ನಿಗೂ ಕೇಳಬೇಕು. ಐನ್‌ಸ್ಟೈನ್–ರೋಸೆನ್ ಸೇತುವೆ ಆ ಪರೀಕ್ಷೆಯಲ್ಲಿ ಫೇಲ್. 1962ರಲ್ಲಿ ಫುಲ್ಲರ್ ಮತ್ತು ವೀಲರ್ ಲೆಕ್ಕ ಹಾಕಿದರು. ಬೆಳಕು ಒಂದು ತುದಿಯಿಂದ ಇನ್ನೊಂದು ತುದಿಗೆ ಹೋಗುವ ಮೊದಲೇ ಅದರ ಕುತ್ತಿಗೆ ಹಿಸುಕಿಕೊಂಡು ಮುಚ್ಚಿಹೋಗುತ್ತದೆ. 1988ರಲ್ಲಿ ಮಾರಿಸ್ ಮತ್ತು ಥಾರ್ನ್ ಬೇರೆ ದಾರಿ ಹಿಡಿದರು. ಕುತ್ತಿಗೆ ತೆರೆದೇ ಇರಬೇಕಾದರೆ ಅಲ್ಲಿ ಏನು ತುಂಬಬೇಕು ಅಂತ ತಿರುಗಿಸಿ ಕೇಳಿದರು. ಉತ್ತರ: ಋಣ ಶಕ್ತಿ. ಎಳೆಯುವ ಬದಲು ತಳ್ಳುವಂಥದ್ದು. ಇದು ಪೂರ್ತಿ ಕಟ್ಟುಕಥೆಯೂ ಅಲ್ಲ. ತೀರಾ ಹತ್ತಿರ ಇಟ್ಟ ಎರಡು ಲೋಹದ ತಗಡುಗಳ ನಡುವೆ ಚೂರೇ ಚೂರು ಸಿಗುತ್ತದೆ, 1948ರಲ್ಲಿ ಕ್ಯಾಸಿಮಿರ್ ಹೇಳಿದ್ದು. ಆದರೆ ಒಬ್ಬ ಹೆಂಗಸು ದಾಟುವಷ್ಟು ದೊಡ್ಡ ಬಾಗಿಲಿಗೆ ಬೇಕಾದಷ್ಟನ್ನು ಒಟ್ಟುಮಾಡುವ ದಾರಿ ಯಾರಿಗೂ ತಿಳಿದಿಲ್ಲ. ನಿಮ್ಮ ಕಲ್ಪನೆ ದುಡಿಯಬೇಕಾದ ಜಾಗ ಇದು. ಸುಮ್ನೆ ‘ಗವಿಯಲ್ಲಿ ವಿಶೇಷ ಶಕ್ತಿ ಇತ್ತು’ ಅಂತ ಬರೆದು ಜಾರಿಕೊಳ್ಳಬೇಡಿ. ವಿಶೇಷ ಶಕ್ತಿ ಅನ್ನುವ ಮಾತು ಕಂಡ ಕೂಡಲೇ ನಾನು ಪುಸ್ತಕ ಮುಚ್ಚುತ್ತೇನೆ.

ಇನ್ನೊಂದು ಕಟ್ಟುಪಾಡು ಇದೆ. ಕಥೆಗಾರರು ಇದನ್ನು ಮರೆಯುವುದೇ ಜಾಸ್ತಿ. ಇಂಥ ಪಿನ್ನಿನ ಮೂಲಕ ಹಿಂದಕ್ಕೆ ಹೋಗಬಹುದು ಅಂತಲೇ ಇಟ್ಟುಕೊಂಡರೂ, ಪಿನ್ನು ಹಾಕಿದ ದಿನಕ್ಕಿಂತ ಹಿಂದೆ ಹೋಗಲು ಆಗುವುದಿಲ್ಲ. ಬಾಗಿಲು ಇಡುವ ಮೊದಲು ಆ ಬಾಗಿಲಿನಿಂದ ಹೊರಬರುವುದು ಹೇಗೆ? ನಿಮ್ಮ ನಾಯಕಿ ತಾನೇ ಪಿನ್ನು ಮಾಡಿದರೆ 1958 ಅವಳಿಗೆ ಸಿಗುವುದಿಲ್ಲ. ಅಂದರೆ ಪಿನ್ನು ಅವಳಿಗಿಂತ ಹಳೆಯದು. ಅವಳು ಅದನ್ನು ಮಾಡಿದವಳಲ್ಲ, ಕಂಡುಕೊಂಡವಳು. ಹಾಗಾದರೆ ಹಾಕಿದವರು ಯಾರು? ನನಗೆ ಕೇಳಬೇಡಿ, ಕಾದಂಬರಿ ನಿಮ್ಮದು.

ಈಗ ಮನೆ ಮಾರಾಟ. ನಿಮ್ಮ ಕಥೆಯಲ್ಲಿ ನಾನು ಒಪ್ಪದೇ ಇರುವುದು ಇದನ್ನೊಂದನ್ನೇ. ನೆರಿಗೆಯನ್ನು ಒಪ್ಪಿದೆ, ಪಿನ್ನನ್ನೂ ಒಪ್ಪಿದೆ, ತಡೆಯುವುದನ್ನು ಒಪ್ಪಲಾರೆ. 1958 ಬಟ್ಟೆಯಲ್ಲಿ ನೇಯ್ದಾಗಿದೆ ಅನ್ನುವುದೇ ನಿಮ್ಮ ಸಿದ್ಧಾಂತದ ಬುಡ. ನೇಯ್ದಾದ ಮೇಲೆ ಒಮ್ಮೆ ಮನೆ ಮಾರಿದ ಎಳೆ, ಒಮ್ಮೆ ಮಾರದ ಎಳೆ ಅಂತ ಎರಡು ಇರಲು ಆಗುವುದಿಲ್ಲ. ಅವಳು ಅಲ್ಲಿಗೆ ಹೋಗಿದ್ದರೆ, ಮೊದಲಿನಿಂದಲೂ ಹೋಗಿಯೇ ಇದ್ದಳು. ಅವಳ ಎಳೆಯೂ ಸೇರಿಯೇ ಆ ದಿನ ಆಗಿದ್ದು.

ಇದನ್ನು ಕೇರಂ ಬೋರ್ಡಿನಲ್ಲಿ ನೋಡಿ. ಸ್ಟ್ರೈಕರ್ ಒಂದು ಪಾಕೆಟ್ಟಿಗೆ ಬೀಳುತ್ತದೆ, ಇನ್ನೊಂದು ಪಾಕೆಟ್ಟಿನಿಂದ ಒಂದು ಕ್ಷಣ ಮೊದಲೇ ಹೊರಬರುತ್ತದೆ ಅಂತಿಟ್ಟುಕೊಳ್ಳಿ. ಹೊರಬಂದದ್ದು ಇನ್ನೂ ಬೀಳದ ತನ್ನನ್ನೇ ಗುದ್ದಿ ದಾರಿ ತಪ್ಪಿಸಿದರೆ? ಬೀಳಲೇ ಇಲ್ಲ, ಹಾಗಾದರೆ ಹೊರಬಂದದ್ದು ಯಾವುದು? ಥಾರ್ನ್ ಗುಂಪಿನವರು 1991ರಲ್ಲಿ ಬಿಲಿಯರ್ಡ್ಸ್ ಚೆಂಡಿನ ಮೇಲೆ ಈ ಲೆಕ್ಕವನ್ನು ನಿಜವಾಗಿ ಮಾಡಿದರು. ಸಿಕ್ಕ ಉತ್ತರ ತುಂಬಾ ಚೆಂದ. ಹೊರಬರುವ ಚೆಂಡು ಜೋರಾಗಿ ಗುದ್ದುವುದಿಲ್ಲ, ಸವರಿಕೊಂಡು ಹೋಗುತ್ತದೆ. ಆ ಸವರುವಿಕೆಯಿಂದ ಮೊದಲ ಚೆಂಡಿನ ದಾರಿ ಚೂರು ಓರೆಯಾಗುತ್ತದೆ. ಓರೆಯಾಗಿ ಒಳಗೆ ಬಿದ್ದದ್ದರಿಂದಲೇ ಅದು ಹೊರಬರುವಾಗ ಗುದ್ದದೆ ಸವರುತ್ತದೆ. ತಡೆಯಲು ಬಂದ ಏಟೇ ಆಗಬೇಕಾದದ್ದನ್ನು ಆಗಿಸುತ್ತದೆ.

ನಿಮ್ಮ ನಾಯಕಿಯನ್ನು ಆ ಸ್ಟ್ರೈಕರ್ ಮಾಡಿ. ಅಪರಿಚಿತ ಹುಡುಗಿಯೊಬ್ಬಳು ಬಂದು ‘ಮನೆ ಮಾರಬೇಡಿ, ಮುಂದೆ ಈ ಜಾಗಕ್ಕೆ ಕೋಟಿಗಟ್ಟಲೆ ಬೆಲೆ ಬರುತ್ತದೆ’ ಅನ್ನುತ್ತಾಳೆ. ತಾತನಿಗೆ ಅನುಮಾನ ಬರುತ್ತದೆ, ಇವಳು ಯಾರೋ ದಲ್ಲಾಳಿಯ ಕಡೆಯವಳು, ಮನೆಯ ಮೇಲೆ ಏನೋ ತಂಟೆ ಎಬ್ಬಿಸಲು ಬಂದಿದ್ದಾಳೆ ಅಂತ. ಅದುವರೆಗೂ ಮಾರುವುದೋ ಬೇಡವೋ ಅಂತ ತೂಗುತ್ತಿದ್ದವರು ಮಾರನೇ ದಿನವೇ ಕಾಗದಕ್ಕೆ ಸಹಿ ಹಾಕುತ್ತಾರೆ. ಕವಲೊಡೆಯುವ ಬೇರೆ ಬೇರೆ ವಿಶ್ವಗಳ ಮಾತು ತಂದು ತಪ್ಪಿಸಿಕೊಳ್ಳುವವರೂ ಇದ್ದಾರೆ. ಹಾಗೆ ಮಾಡಿದರೆ ಅವಳು ಉಳಿಸುವುದು ಇನ್ಯಾರದೋ ತಾತನ ಮನೆಯನ್ನು. ನನಗೆ ಅದರಲ್ಲಿ ರುಚಿ ಇಲ್ಲ.

ಇನ್ನು ವಾಚು. 1958ರಲ್ಲಿ ತಾತನ ಕೈಯಲ್ಲಿ ಎಚ್‌ಎಂಟಿ ಇರಲು ಒಂದೇ ದಾರಿ ಇದೆ: ಯಾರೋ ಮುಂದಿನಿಂದ ತಂದು ಕೊಟ್ಟಿರಬೇಕು. ತಪ್ಪು ಅಂತ ಹಳಬರು ಹಿಡಿಯುವ ಆ ಜಾಗವೇ ನಿಮ್ಮ ಸುಳಿವು. ಆದರೆ ಇಲ್ಲಿ ಒಂದು ಗುಂಡಿ ಇದೆ. ಆ ವಾಚು ತಾತನಿಂದ ಅಪ್ಪನಿಗೆ, ಅಪ್ಪನಿಂದ ಅವಳಿಗೆ ಬಂದು, ಅವಳು ಅದನ್ನೇ ಒಯ್ದು ತಾತನಿಗೆ ಕೊಟ್ಟಳು ಅಂತ ಬರೆದರೆ ಆ ವಾಚನ್ನು ಯಾವ ಕಾರ್ಖಾನೆಯೂ ಮಾಡಲಿಲ್ಲ ಅಂತಾಯಿತು. ಅದಕ್ಕಿಂತ ದೊಡ್ಡ ತೊಂದರೆ ಸವಕಳಿಯದು. ಒಗ್ಗರಣೆಯಲ್ಲಿ ಸಿಡಿದ ಸಾಸಿವೆ ಮತ್ತೆ ಗುಂಡಗಾಗುವುದಿಲ್ಲ. ನ್ಯೂಟನ್ನನ ನಿಯಮಗಳನ್ನು ಹಿಂದೆ ಮುಂದೆ ಹೇಗೆ ಓಡಿಸಿದರೂ ನಡೆಯುತ್ತದೆ, ಆದರೂ ಸಾಸಿವೆ ಒಂದೇ ಕಡೆಗೆ ಸಿಡಿಯುತ್ತದೆ. ಚೆಲ್ಲಾಪಿಲ್ಲಿಯಾಗುವ ದಾರಿಗಳು ಕೋಟಿ, ಒಟ್ಟಾಗುವ ದಾರಿಗಳು ಬೆರಳೆಣಿಕೆ ಅಂತ 1870ರ ದಶಕದಲ್ಲಿ ಬೋಲ್ಟ್ಸ್‌ಮನ್ ವಿವರಿಸಿದ. ನಮಗೆ ನಿನ್ನೆ ನೆನಪಿರುವುದು, ನಾಳೆ ನೆನಪಿಲ್ಲದಿರುವುದು ಕೂಡ ಇದೇ ಕಾರಣಕ್ಕೆ. ವಾಚಿನ ಗಾಜಿಗೆ ಗೀರು ಬೀಳುತ್ತದೆ, ಸ್ಪ್ರಿಂಗ್ ಸವೆಯುತ್ತದೆ. ಸವೆದ ವಾಚು 1958ಕ್ಕೆ ಹೋದರೆ, ಹೊರಡುವಾಗ ಇನ್ನೂ ಸವೆದಿರಬೇಕು. ಎರಡೂ ಒಂದೇ ವಾಚು ಆದರೆ ಲೆಕ್ಕ ಕೂಡುವುದಿಲ್ಲ.

ಹಾಗಾಗಿ ಅವಳು ಹಳೆಯ ಸಾಮಾನಿನ ಅಂಗಡಿಯಲ್ಲಿ ಒಂದು ಎಚ್‌ಎಂಟಿ ಕೊಳ್ಳಲಿ. ಜಾಲಹಳ್ಳಿಯಲ್ಲಿ ತಯಾರಾಗಿ, ಯಾರದೋ ಕೈಯಲ್ಲಿ ಓಡಿ, ಅಂಗಡಿಗೆ ಬಂದದ್ದು. ಅದನ್ನು ಅವಳು ತಾತನಿಗೆ ಕೊಡುತ್ತಾಳೆ. ತಾತ ಅದನ್ನು ಸಾಯುವವರೆಗೂ ಕಟ್ಟಿಕೊಳ್ಳುತ್ತಾರೆ, ಆಮೇಲೆ ಅದು ಎಲ್ಲೋ ಕಳೆದುಹೋಗುತ್ತದೆ. ಇದಕ್ಕೆ ಶುರುವೂ ಇದೆ, ಕೊನೆಯೂ ಇದೆ. ಇದರಲ್ಲಿ ಇನ್ನೊಂದು ಮಜಾ ಇದೆ. 1961ರ ನಂತರ ಒಂದು ದಿನ ಆ ವಾಚು ಕಾರ್ಖಾನೆಯಿಂದ ಹೊಸದಾಗಿ ಹೊರಬರುತ್ತದೆ. ಅದೇ ದಿನ ಅದೇ ವಾಚು, ಹಳತಾಗಿ, ಬಸವನಗುಡಿಯಲ್ಲಿ ತಾತನ ಕೈಯಲ್ಲೂ ಟಿಕ್ ಟಿಕ್ ಅನ್ನುತ್ತಿರುತ್ತದೆ. ಹಿಂಬದಿಯಲ್ಲಿ ಒಂದೇ ನಂಬರು.

ಕೊನೆಗೆ ಸಂಕ್ರಾಂತಿ. ಗವಿ ಗಂಗಾಧರೇಶ್ವರದಲ್ಲಿ ಆ ಸಂಜೆ ಬಿಸಿಲು ನಂದಿಯ ಕೊಂಬುಗಳ ನಡುವಿನಿಂದ ಹಾದು ಲಿಂಗದ ಮೇಲೆ ಬೀಳುತ್ತದೆ. ನೋಡಲು ಜನವೋ ಜನ. ಆ ನೂಕುನುಗ್ಗಲಲ್ಲಿ ನಿಮ್ಮ ನಾಯಕಿ 1958ಕ್ಕೆ ಜಾರುವುದಿರಲಿ, ಒಂದು ಹೆಜ್ಜೆ ಹಿಂದೆ ಸರಿಯುವುದೂ ಕಷ್ಟ. ಒಂದು ವಿಷಯ ಗಮನಿಸಿ. ಡಿಸೆಂಬರ್ 21ರ ಹೊತ್ತಿಗೆ ಸೂರ್ಯ ದಕ್ಷಿಣದ ತುದಿ ಮುಟ್ಟಿ ವಾಪಸ್ ತಿರುಗುತ್ತಾನೆ. ಜನವರಿ 14 ಅಲ್ಲಿಂದ 24 ದಿನ ಮುಂದೆ. ಅಲ್ಲಿಂದಲೇ 24 ದಿನ ಹಿಂದಕ್ಕೆ ಎಣಿಸಿ, ನವೆಂಬರ್ 27 ಸಿಗುತ್ತದೆ. ಆ ದಿನಗಳಲ್ಲೂ ಸೂರ್ಯ ಆಕಾಶದಲ್ಲಿ ಅದೇ ದಾರಿ ಹಿಡಿಯುತ್ತಾನೆ, ಬಿಸಿಲು ಅದೇ ಕಿಂಡಿಯಿಂದ ಗವಿಯೊಳಗೆ ಬರುತ್ತದೆ. ವರ್ಷ ಡಿಸೆಂಬರಿನಲ್ಲಿ ಮಡಿಚಿಕೊಂಡು ಈ ಎರಡು ದಿನಗಳನ್ನು ಒಂದರ ಮೇಲೊಂದು ಇಟ್ಟ ಹಾಗೆ. ನಿಮ್ಮ ನೆರಿಗೆ ಅಲ್ಲಿ ಆಗಲೇ ಇದೆ.

ಅವಳು ನವೆಂಬರಿನಲ್ಲಿ ಒಳಗೆ ಹೋಗಲಿ, 1958ರ ಜನವರಿಯಲ್ಲಿ ಹೊರಗೆ ಬರಲಿ. ನವೆಂಬರಿನಲ್ಲಿ ಸಂಕ್ರಾಂತಿಯಂಥ ನೂಕುನುಗ್ಗಲು ಇರುವುದಿಲ್ಲ. ಆದರೆ ಭೂಮಿಯ ಓರೆ ಮತ್ತು ದೀರ್ಘವೃತ್ತದ ದಾರಿಯಿಂದಾಗಿ, ಆಗ ಆ ಬೆಳಕು ಜನವರಿಗಿಂತ ಸುಮಾರು 20 ನಿಮಿಷ ಮುಂಚೆಯೇ ಬಂದುಬಿಡುತ್ತದೆ. ಅವಳನ್ನು ಮನೆಯಿಂದ ಸ್ವಲ್ಪ ಬೇಗ ಹೊರಡಿಸಿ.